ಇಬ್ಬರಿಗೂ ಒಂದೇ ಉತ್ತರ

ಏಳು ನಿಮಿಷ ಮೊದಲು ಹುಟ್ಟಿದ ತಪ್ಪಿಗೆ ಅವಳಿಗೆ ಜೀವಮಾನವಿಡೀ ಅಕ್ಕನ ಪಟ್ಟ ಕಟ್ಟಿದ್ದರು. ಜಗಳದಲ್ಲಿ ಬಿಟ್ಟುಕೊಡಬೇಕಾದವಳು ಅಕ್ಕ, ತಂಗಿ ಆರಿಸಿ ಉಳಿದ ಅಂಗಿ ತೊಡಬೇಕಾದವಳೂ ಅಕ್ಕ. ಮುಖದಲ್ಲಿ ಮಾತ್ರ ಇಬ್ಬರಿಗೂ ಎಳ್ಳಷ್ಟು ವ್ಯತ್ಯಾಸವಿರಲಿಲ್ಲ. ತಂಗಿಯದು ಬಟ್ಟೆ ಹೊಲಿಯುವ ಅಂಗಡಿ, ಅಕ್ಕ ಓಡಿಸುವುದು ಸಿಟಿ ಬಸ್ಸು. ಮೂವತ್ತನಾಲ್ಕು ತುಂಬಿದ ಮೇಲೂ ಯಾರಾದರೂ ಬಸ್ಸು ಹತ್ತುತ್ತಲೇ, "ಏನಮ್ಮಾ, ನನ್ನ ಕೋಟು ಯಾವಾಗ ಕೊಡ್ತೀಯ?" ಎಂದು ದಬಾಯಿಸುವುದಿತ್ತು. "ನಾನು ಹೊಲಿದ್ರೆ ಮೂರು ತೋಳು ಬರುತ್ತೆ, ನನ್ನ ತಂಗೀನ ಕೇಳಿ" ಎಂದು ಅಕ್ಕ ಗೇರು ಹಾಕುತ್ತಿದ್ದಳು.

ಹನ್ನೊಂದು ವರ್ಷದಲ್ಲಿ ಅವಳ ಬಸ್ಸಿಗೆ ಒಂದು ಗೀರೂ ಬಿದ್ದಿರಲಿಲ್ಲ.

ಒಂದು ಮಧ್ಯಾಹ್ನ ತಂಗಿ ಡಿಪೋ ಕ್ಯಾಂಟೀನಿಗೆ ಬಂದು ಎದುರು ಕೂತಳು. ಚಹಾದ ಲೋಟವನ್ನು ತಿರುಗಿಸುತ್ತ, "ಎಂಟು ವಾರ ಆಯ್ತು ಕಣೇ" ಎಂದಳು. ಅಕ್ಕನಿಗೆ ಅರ್ಥವಾಗಲು ಒಂದು ಕ್ಷಣ ಬೇಕಾಯಿತು. ತಂಗಿ ಬಸುರಿ! ಎದ್ದು ಅವಳ ಕೆನ್ನೆ ಹಿಂಡಿದಳು. ತಂಗಿ ನಗಲಿಲ್ಲ.

"ನಾನು ಪರೀಕ್ಷೆ ಮಾಡಿಸ್ತೀನಿ. ಅಪ್ಪನ ಕಾಯಿಲೆದು."

ಅಕ್ಕನ ಕೈ ಅಲ್ಲೇ ನಿಂತಿತು.

ಅಪ್ಪ ಗಡಿಯಾರ ರಿಪೇರಿ ಮಾಡುತ್ತಿದ್ದವನು. ಕೂದಲೆಳೆಯಷ್ಟು ಸಣ್ಣ ಸ್ಪ್ರಿಂಗನ್ನು ಚಿಮಟದಲ್ಲಿ ಹಿಡಿದು ಕೂರಿಸುತ್ತಿದ್ದ ಕೈ, ನಲವತ್ತು ದಾಟುತ್ತಿದ್ದಂತೆ ಅವನ ಮಾತು ಕೇಳುವುದನ್ನು ಬಿಟ್ಟಿತು. ಮೊದಲು ಬೆರಳು, ಆಮೇಲೆ ತೋಳು, ಆಮೇಲೆ ಇಡೀ ಮೈ ತನ್ನಷ್ಟಕ್ಕೆ ಕುಣಿಯತೊಡಗಿತು. ಬೀದಿಯವರು ಕುಡುಕ ಎಂದರು. ಹೆಂಡದ ವಾಸನೆ ಕಂಡರಾಗದ ಮನುಷ್ಯ! ಐವತ್ತು ತುಂಬುವ ಮೊದಲೇ ಹೋದ. ಅಮ್ಮನೂ ಈಗಿಲ್ಲ. ಅಂದಿನಿಂದ ಇಬ್ಬರೂ ಆ ಕಾಯಿಲೆಯ ಹೆಸರೆತ್ತಿರಲಿಲ್ಲ.

"ಬೇಡ ಕಣೇ. ನಿನ್ನ ರಕ್ತ ಅಂದ್ರೆ ನನ್ನ ರಕ್ತ" ಎಂದಳು ಅಕ್ಕ.

"ಅದಕ್ಕೇ ನಿನ್ನ ಕೇಳೋಕೆ ಬಂದೆ."

"ಕೇಳೋಕೆ ಬಂದ್ಯೋ, ಹೇಳೋಕೆ ಬಂದ್ಯೋ?"

ತಂಗಿ ಆಸ್ಪತ್ರೆಯ ಚೀಟಿಯನ್ನು ಅವಳ ಮುಂದೆ ತಳ್ಳಿದಳು.

ಆ ವಾರವೇ ಇಬ್ಬರೂ ಆಸ್ಪತ್ರೆಯ ಮೂರನೇ ಮಹಡಿಯಲ್ಲಿ, ವಂಶವಾಹಿ ವಿಭಾಗದ ಸಲಹೆಗಾರ್ತಿಯ ಮುಂದೆ ಕೂತರು. ಆಕೆ ನಿಧಾನವಾಗಿ, ಬಿಡಿಸಿ ಹೇಳಿದರು. ತಂದೆಗಿದ್ದರೆ ಮಕ್ಕಳಿಗೆ ಬರುವ ಸಾಧ್ಯತೆ ಅರ್ಧಕ್ಕರ್ಧ. ಬಂದಿದ್ದರೆ ತಪ್ಪಿಸಿಕೊಳ್ಳುವ ದಾರಿಯಿಲ್ಲ, ಗುಣಪಡಿಸುವ ಔಷಧಿಯೂ ಇಲ್ಲ. ಬಂದಿರದಿದ್ದರೆ ಮುಂದಿನ ತಲೆಮಾರಿಗೂ ಹೋಗುವುದಿಲ್ಲ. ಬಂದಿದ್ದರೆ, ಬೇಕೆಂದರೆ ಹೊಟ್ಟೆಯಲ್ಲಿರುವ ಮಗುವಿಗೂ ಪರೀಕ್ಷೆ ಮಾಡಿಸಬಹುದು.

"ನೀವು ಒಂದೇ ಅಂಡದಿಂದ ಹುಟ್ಟಿದ ಅವಳಿಗಳು. ಒಬ್ಬರ ಉತ್ತರವೇ ಇನ್ನೊಬ್ಬರದ್ದೂ."

"ಹಾಗಾದ್ರೆ ಇವಳನ್ನ ನಾನು ತಡೀಬಹುದಾ?" ಎಂದು ಅಕ್ಕ ನೇರವಾಗಿ ಕೇಳಿದಳು.

"ತಡೆಯೋ ಹಕ್ಕು ನಿಮಗಿಲ್ಲ. ತಿಳ್ಕೊಳ್ಳಿ ಅಂತ ನಿಮ್ಮನ್ನ ಬಲವಂತ ಮಾಡೋ ಹಕ್ಕು ಅವರಿಗೂ ಇಲ್ಲ."

"ಎರಡೂ ಒಟ್ಟಿಗೆ ಹೇಗೆ ಆಗುತ್ತೆ ಮೇಡಂ?"

ಆಕೆ ಪೆನ್ನಿನ ಮುಚ್ಚಳ ಹಾಕಿದರು. "ಅದನ್ನ ನೀವಿಬ್ಬರೇ ಕೂತು ಮಾತಾಡ್ಕೊಬೇಕು."

ಮೆಟ್ಟಿಲಿಳಿಯುವಾಗ ಒಪ್ಪಂದವಾಯಿತು. ರಕ್ತ ಕೊಟ್ಟ ಮೂರು ವಾರಕ್ಕೆ ಫಲಿತಾಂಶ. ಮುಖ ನೋಡಿ ಅಕ್ಕ ಉತ್ತರ ಓದಿಬಿಡದಂತೆ, ಅದು ಬಂದ ದಿನದಿಂದ ಆರು ತಿಂಗಳು ತಂಗಿ ಅಕ್ಕನ ಕಣ್ಣಿಗೆ ಬೀಳಬಾರದು, ಫೋನೂ ಮಾಡಬಾರದು.

"ಒಳ್ಳೇದಾದ್ರೆ?" ಎಂದಳು ತಂಗಿ.

"ಒಳ್ಳೇದಾದ್ರೂ ಹೇಳ್ಬೇಡ. ಒಳ್ಳೇದಾದಾಗ ಮಾತ್ರ ಹೇಳ್ತೀಯ ಅಂತಾದ್ರೆ, ನೀನು ಸುಮ್ನಿದ್ದ ದಿನವೇ ನಂಗೆ ಗೊತ್ತಾಗಿಬಿಡುತ್ತೆ."

ಆ ಮೂರು ವಾರ ಅಕ್ಕ ತನ್ನ ಕೈಯನ್ನು ತಾನೇ ಕಾವಲು ಕಾದಳು. ಕೆಂಪು ದೀಪ ಬಿದ್ದಾಗೆಲ್ಲ ಹೆಬ್ಬೆರಳಿಗೆ ಒಂದೊಂದೇ ಬೆರಳು ತಾಗಿಸಿ ನೋಡುವಳು. ಒಮ್ಮೆ ಬೀಗದ ಕೈ ಕೆಳಗೆ ಬಿತ್ತು. ಇಡೀ ದಿನ ಅದೇ ತಲೆಯಲ್ಲಿ. ಇನ್ನೊಮ್ಮೆ ಸೈಕಲ್ಲಿನ ಮುದುಕನೊಬ್ಬ ಅಡ್ಡ ಬಂದಾಗ ಬ್ರೇಕು ಒತ್ತಲು ಕಣ್ಣು ಮಿಟುಕಿಸುವಷ್ಟು ತಡವಾಯಿತೇ ಎಂಬ ಅನುಮಾನ. ಮುದುಕ ಏನೂ ಆಗದವನಂತೆ ತುಳಿದುಕೊಂಡು ಹೋದ. ಅವಳ ಬೆನ್ನು ಮಾತ್ರ ಬೆವರಿನಿಂದ ಸೀಟಿಗೆ ಅಂಟಿತ್ತು. ಕನ್ನಡಿಯಲ್ಲಿ ಅರವತ್ತು ತಲೆಗಳು. ತಿಳಿಯುವುದು ಬೇಡ ಎನ್ನುವ ಹಕ್ಕು ತನ್ನದು, ಸರಿ. ಆದರೆ ಈ ಅರವತ್ತು ಜನ ಅದಕ್ಕೆ ಒಪ್ಪಿ ಹತ್ತಿದವರೇ?

ಅದೇ ಹೊತ್ತಿಗೆ ಡಿಪೋದ ವರ್ಷದ ಆರೋಗ್ಯ ಫಾರಂ ಕೈಗೆ ಬಂತು. "ರಕ್ತಸಂಬಂಧಿಗಳಲ್ಲಿ ನರಗಳ ಕಾಯಿಲೆ ಇತ್ತೇ?" ಹನ್ನೊಂದು ವರ್ಷವೂ "ಇಲ್ಲ" ಎಂದು ಬರೆದು ಸಹಿ ಹಾಕಿದ್ದಳು. ಈ ಸಲ ಮಡಚಿ ಜೇಬಿಗೆ ಹಾಕಿಕೊಂಡಳು.

ಫಲಿತಾಂಶದ ದಿನ ಬೇರೆ ರೂಟು ಕೊಡಿ ಎಂದು ಡಿಪೋದ ಯಜಮಾನರನ್ನು ಕೇಳಿದಳು. ಅವರ ದಪ್ಪ ಮೀಸೆಗೆ ಹೆದರದ ಚಾಲಕರಿಲ್ಲ. ಬೆನ್ನ ಹಿಂದೆ ಎಲ್ಲರೂ ಮೀಸೆ ಎಂದೇ ಕರೆಯುತ್ತಿದ್ದರು. "ಇದೇನು ಊಟದ ತಟ್ಟೇನಾ ಕಣಮ್ಮ, ಬೇಡದ್ದನ್ನ ಪಕ್ಕಕ್ಕೆ ಸರಿಸೋಕೆ?" ಎಂದರು ಮೀಸೆ. ಹಾಗಾಗಿ ಹನ್ನೆರಡಕ್ಕೆ ಹತ್ತು ನಿಮಿಷವಿರುವಾಗ ಅವಳ ಬಸ್ಸು ಆಸ್ಪತ್ರೆಯ ನಿಲ್ದಾಣಕ್ಕೆ ಬಂತು.

ಗೇಟಿನ ಬಳಿ ತಂಗಿ ನಿಂತಿದ್ದಳು, ಪಕ್ಕದಲ್ಲಿ ಅವಳ ಗಂಡ. ಬಸ್ಸು ಕಂಡವನೇ ಅವನು ಕೈ ಎತ್ತಿದ. ತಂಗಿ ಅವನ ಕೈ ಎಳೆದು ಇಳಿಸಿ, ಸರಕ್ಕನೆ ಗೋಡೆಗೆ ಮುಖಮಾಡಿ ನಿಂತಳು. ಕೊಟ್ಟ ಮಾತು ಉಳಿಸಿಕೊಂಡಳು.

ಆದರೆ ಬೆನ್ನನ್ನು ಎಲ್ಲಿ ಬಚ್ಚಿಡುವುದು? ಬಾಲ್ಯವಿಡೀ ಒಂದೇ ಹಾಸಿಗೆಯಲ್ಲಿ ಮಲಗಿದ ಅಕ್ಕನಿಗೆ ಆ ಬೆನ್ನು ಗೊತ್ತಿತ್ತು. ಅಪ್ಪನನ್ನು ಮನೆಯಿಂದ ಕೊನೆಯ ಸಲ ಹೊರಗೆ ಒಯ್ದ ದಿನ ಆ ಭುಜಗಳು ಹೀಗೇ ಕಿವಿಯವರೆಗೆ ಏರಿದ್ದವು.

"ಹೊರಡಮ್ಮಾ, ಹೊತ್ತಾಯ್ತು!" ಎಂದು ಹಿಂದಿನಿಂದ ಯಾರೋ ಕೂಗಿದರು.

ಬಾಗಿಲು ಮುಚ್ಚಿದಳು. ಹೊರಟಳು. ಇನ್ನು ಒಂಬತ್ತು ನಿಲ್ದಾಣ. ಪ್ರತಿ ತಿರುವನ್ನೂ ಲೈಸೆನ್ಸಿನ ಪರೀಕ್ಷೆಗೆ ಬಂದವಳಂತೆ ತಿರುಗಿಸಿದಳು. ಕೊನೆಯ ಪ್ರಯಾಣಿಕ ಇಳಿಯುವ ತನಕ ಕೈ ನಡುಗಲಿಲ್ಲ. ಆಮೇಲೆ ನಡುಗಿತು. ಅದು ಕಾಯಿಲೆಯ ನಡುಕವೋ, ಬರಿಯ ಹೆದರಿಕೆಯೋ ಎಂದು ನೋಡುತ್ತ ಕೂತಳು. ಬೀಗದ ಕೈಯನ್ನು ಡಿಪೋದಲ್ಲಿ ಒಪ್ಪಿಸಿ, "ಇವತ್ತು ಇನ್ನು ಓಡಿಸಲ್ಲ" ಎಂದಷ್ಟೇ ಹೇಳಿ ನೇರವಾಗಿ ಹೊಲಿಗೆ ಅಂಗಡಿಗೆ ನಡೆದಳು.

ತಂಗಿ ಕತ್ತರಿಸುವ ಮೇಜಿನ ಮುಂದೆ ಸುಮ್ಮನೆ ಕೂತಿದ್ದಳು.

"ಯಾಕೆ ಬಂದೆ? ಮಾತಾಗಿತ್ತಲ್ಲ!"

"ನಿನ್ನ ಬೆನ್ನು ಎಲ್ಲಾ ಹೇಳ್ತು. ಇನ್ನು ಬಾಯಲ್ಲೂ ಹೇಳಿಬಿಡು."

ತಂಗಿ ಎದ್ದು ನಿಂತಳು. "ಇದೆ" ಎಂದಳು. "ಇಬ್ಬರಿಗೂ."

ಇಬ್ಬರೂ ಅಪ್ಪಿಕೊಂಡು ಅತ್ತರು. ಮೊದಲು ಕಣ್ಣೊರೆಸಿಕೊಂಡವಳು ಅಕ್ಕ. "ಮಗುವಿನ ಪರೀಕ್ಷೆ ಯಾವತ್ತು?"

ತಂಗಿ ಮೇಜಿನ ಮೇಲಿನ ಬಟ್ಟೆಯನ್ನು ನೇರ ಮಾಡಿದಳು. "ಮಾಡಿಸಲ್ಲ."

"ಏನಂದೆ?"

"ಮಗೂನ ಇಟ್ಕೊಳ್ತೀನಿ ಅಕ್ಕ, ಅದು ತೀರ್ಮಾನ ಆಯ್ತು. ಇಟ್ಕೊಳ್ಳೋದೇ ಆದ್ಮೇಲೆ ಪರೀಕ್ಷೆ ಮಾಡಿಸಿದ್ರೆ, ಹುಟ್ಟೋಕೆ ಮುಂಚೆನೇ ಅದರ ಹಣೆಗೆ ಚೀಟಿ ಅಂಟಿಸಿದ ಹಾಗಾಗುತ್ತೆ. ದೊಡ್ಡದಾದ ಮೇಲೆ ಅದೇ ಬೇಕಾದ್ರೆ ತಿಳ್ಕೊಳ್ಳಲಿ, ಬೇಡ ಅಂದ್ರೆ ಬಿಡಲಿ."

ಅಕ್ಕನ ರಕ್ತ ಕುದಿಯಿತು. "ಓಹೋ! ಇನ್ನೂ ಕಣ್ಣು ಬಿಡದ ಮಗುವಿಗೆ ಆ ಹಕ್ಕಿದೆ. ನಂಗಿರ್ಲಿಲ್ವಾ? ಮಗುವಿಗೋಸ್ಕರ ಅಂತ ತಾನೇ ನನ್ನ ನೆಮ್ಮದಿಗೆ ಕಲ್ಲು ಹಾಕಿದ್ದು?"

"ಹೌದು. ಹಾಗಂದ್ಕೊಂಡೇ ಹೋಗಿದ್ದು. ಆ ಕಾಗದ ಕೈಗೆ ಬಂದ ಮೇಲೇ ಗೊತ್ತಾಗಿದ್ದು, ಇದನ್ನ ಇನ್ನೊಬ್ಬರ ಕೈಗೆ ಕೇಳದೆ ಕೊಡಬಾರದು ಅಂತ. ನಿಂಗೆ ಕೊಟ್ಟಾಗಿತ್ತು. ತಪ್ಪಾಯ್ತು."

"ತಪ್ಪಾಯ್ತಂತೆ!" ಅಕ್ಕ ಕುರ್ಚಿಯನ್ನು ಒದ್ದು ಹೊರನಡೆದಳು.

ಮರುದಿನ ಬೆಳಿಗ್ಗೆ ಮೀಸೆಯ ಮೇಜಿನ ಮೇಲೆ ಫಾರಂ ಇಟ್ಟಳು. ಪ್ರಶ್ನೆಯ ಮುಂದೆ "ಇತ್ತು, ತಂದೆಗೆ" ಎಂದು ಬರೆದು, ಕೆಳಗೆ ತನ್ನ ಫಲಿತಾಂಶವನ್ನೂ ಸೇರಿಸಿದ್ದಳು. ಮೀಸೆ ಎರಡು ಸಲ ಓದಿದರು.

"ಇದನ್ನ ಬರೀಲೇಬೇಕಿತ್ತೇನಮ್ಮ? ಯಾರು ಕೇಳ್ತಿದ್ರು?"

"ಬಸ್ಸು ಹತ್ತೋರು ಕೇಳಲ್ಲ ಸಾರ್. ಅದಕ್ಕೇ ಬರೆದೆ. ಹನ್ನೊಂದು ವರ್ಷ ಸುಳ್ಳು ಬರೆದಿದ್ದೀನಿ, ಅದಕ್ಕೆ ಏನು ಮಾಡ್ತೀರೋ ಮಾಡಿ."

ಹದಿನೈದು ದಿನ ಮನೆಯಲ್ಲಿ ಕೂರಿಸಿದರು. ನರರೋಗದ ವೈದ್ಯರು ಗೆರೆಯ ಮೇಲೆ ನಡೆಸಿದರು, ಬೆರಳು ತಟ್ಟಿಸಿದರು, ನಾಲಿಗೆ ಹೊರಚಾಚಿಸಿ ಎಷ್ಟು ಸೆಕೆಂಡು ನಿಲ್ಲುತ್ತದೆಂದು ಎಣಿಸಿದರು. ಸದ್ಯಕ್ಕೆ ಯಾವ ಲಕ್ಷಣವೂ ಇಲ್ಲ, ಓಡಿಸಬಹುದು. ಆರು ತಿಂಗಳಿಗೊಮ್ಮೆ ಬರಬೇಕು ಎಂದು ಬರೆದುಕೊಟ್ಟರು. ಸುಳ್ಳಿಗೆ ಒಂದು ಎಚ್ಚರಿಕೆ ಪತ್ರವೂ ಬಂತು. ಕ್ಯಾಂಟೀನಿನಲ್ಲಿ ಒಬ್ಬ ತನ್ನ ಲೋಟವನ್ನು ಅವಳ ಲೋಟದಿಂದ ದೂರ ಸರಿಸಿದ. "ಇದು ಅಂಟಲ್ಲ ಮಾರಾಯ, ಹೆತ್ತವರಿಂದಲೇ ಬರಬೇಕು. ನಿಂಗೆ ಬೇಕಂದ್ರೂ ಸಿಗಲ್ಲ" ಎಂದಳು. ಮೀಸೆ ಮಾತ್ರ ಕೇಳಿ ಗಟ್ಟಿಯಾಗಿ ನಕ್ಕರು.

ತಂಗಿಯ ಜೊತೆ ಮಾತಿರಲಿಲ್ಲ. ಮೊದಲು ಒಪ್ಪಂದವಾಗಿದ್ದ ಆರು ತಿಂಗಳು ಈಗ ಸಿಟ್ಟಿನಲ್ಲಿ ಕಳೆದವು. ಒಂದು ದಿನ ಬೆಳಿಗ್ಗೆ ತಂಗಿಯ ಗಂಡ ಫೋನು ಮಾಡಿ, "ಅತ್ತಿಗೆ, ಹೆಣ್ಣು ಮಗು. ಇವಳು ನಿಮ್ಮನ್ನೇ ಕೇಳ್ತಿದ್ದಾಳೆ" ಎಂದ. ಅಕ್ಕ ಸಮವಸ್ತ್ರದಲ್ಲೇ ಹೋದಳು.

ತಂಗಿ ದಿಂಬಿಗೆ ಒರಗಿದ್ದಳು. ಮುಖ ಬಾಡಿತ್ತು. ಅಕ್ಕ ಕಾಲ ಬಳಿ ನಿಂತು, "ನಿನ್ನ ಪೂರ್ತಿ ಕ್ಷಮಿಸಿಲ್ಲ ಕಣೇ" ಎಂದಳು.

"ಗೊತ್ತು."

"ಇವಳಿಗೆ ಯಾವಾಗ ಹೇಳ್ತೀಯ?"

"ಅರ್ಥ ಆಗೋ ವಯಸ್ಸಿಗೆ ಅಜ್ಜನ ಕಥೆ ಹೇಳ್ತೀನಿ, ನಮ್ಮದೂ ಹೇಳ್ತೀನಿ. ಅವಳದ್ದನ್ನ ಅವಳೇ ಕೇಳ್ಬೇಕು. ಅಷ್ಟರಲ್ಲಿ ನನ್ನ ನಾಲಿಗೆ ಹೊರಳದೇ ಹೋದ್ರೆ..."

"ನಂದೂ ಆಗಲೇ ಹೊರಳದೇ ಹೋಗುತ್ತಲ್ಲೇ, ಪೆದ್ದಿ. ಅದಕ್ಕೇ ಬರೆದಿಡೋಣ" ಎಂದಳು ಅಕ್ಕ. ಇಬ್ಬರಿಗೂ ನಗು ಬಂತು, ಬರಬಾರದ ಜಾಗದಲ್ಲಿ.

ಮಗು ಕುಂಯ್‌ಗುಟ್ಟಿತು. ತಂಗಿ ಅದನ್ನೆತ್ತಿ ಮುಂದಕ್ಕೆ ಚಾಚಿದಳು. ಅಕ್ಕ ತನ್ನ ಕೈಗಳನ್ನೊಮ್ಮೆ ನೋಡಿಕೊಂಡು, ಕುರ್ಚಿ ಎಳೆದು ಗಟ್ಟಿಯಾಗಿ ಕೂತಳು. "ಕತ್ತಿಗೆ ಆಸರೆ ಕೊಡೇ, ಬಟ್ಟೆ ಗಂಟಲ್ಲ ಅದು" ಎಂದು ಗದರಿಸುತ್ತ ಮಗುವನ್ನು ಮಡಿಲಿಗೆ ತೆಗೆದುಕೊಂಡಳು. ಎರಡು ಗಂಟೆಯ ಪಾಳಿಗೆ ಇನ್ನೂ ನಲವತ್ತು ನಿಮಿಷವಿತ್ತು. ಅಷ್ಟು ಹೊತ್ತೂ ಕೆಳಗಿಡಲಿಲ್ಲ.