ಒಗೆಯಬಾರದ ದಿನ

“ನಗಯ್ಯ ಸ್ವಲ್ಪ. ಹೆಣ ಕಾಯೋನ ಥರ ನಿಂತಿದ್ದೀಯಲ್ಲ,” ಅಂದ ಹಡಗಿನ ಮ್ಯಾನೇಜರ್ ಹಾರ್ಟ್‌ಮನ್.

ಪುಲೋ ಅಣ್ಣ ಹೆಣವನ್ನೇ ಕಾಯುತ್ತಿದ್ದ. ಹೆಣ ಮಾತ್ರ ಸಮುದ್ರದಾಚೆ, ಗಿಮಾರಾಸ್ ದ್ವೀಪದ ಅವನ ಮನೆಯ ಪಡಸಾಲೆಯಲ್ಲಿತ್ತು. ಅದು ಅವನ ಹೆಂಡತಿ ಅದೋರಿಂಗಳದು. “ಅಪ್ಪಾ, ನೀನು ಬರೋಗಂಟ ಅವ್ವನ್ನ ಮಣ್ಣು ಮಾಡಾಕಿಲ್ಲ,” ಎಂದು ಮಗಳು ಕ್ಲೆಯೋಫೆ ಫೋನಿನಲ್ಲಿ ಅತ್ತಿದ್ದಳು. ನಮ್ಮ ಕಡೆ ಹಾಗೆಯೇ. ಹಡಗಿಗೆ ಹೋದವರು ಬರುವ ತನಕ ಹೆಣಕ್ಕೆ ಮದ್ದು ಹಾಕಿ ಮನೆಯಲ್ಲೇ ಇಟ್ಟುಕೊಂಡು ಕಾಯುತ್ತಾರೆ. ಅರ್ಧ ಊರೇ ಹಡಗಿನಲ್ಲಿದ್ದರೆ ಇನ್ನೇನು ಮಾಡುತ್ತಾರೆ?

ಮ್ಯಾನೇಜರಿಗೆ ಇದು ಗೊತ್ತಿರಲಿಲ್ಲ ಅಂತಲ್ಲ. ಲಾಂಡ್ರಿಯಲ್ಲಿ ಬಟ್ಟೆ ಮಡಿಸುವ ಈ ಲುದಿಯೇ, ಅಂದರೆ ನಾನೇ, ಪುಲೋ ಅಣ್ಣನ ಜೊತೆ ಹೋಗಿ ಹೇಳಿದ್ದೆ. “ಹಬ್ಬ ಮುಗಿಸಿಕೊಡು, ನಾಳೆ ಬೆಳಿಗ್ಗೆ ಕೀಲುಂಗ್ ಬಂದರಲ್ಲಿ ಇಳಿದು ಊರಿಗೆ ಹೋಗು,” ಎಂದು ಅವನು ಅಣ್ಣನ ಭುಜ ತಟ್ಟಿದ್ದ. ನಮ್ಮ ಪಾಸ್‌ಪೋರ್ಟು ಅವರ ಕಪಾಟಿನಲ್ಲಿರುವಾಗ ತಟ್ಟಿದಷ್ಟು ತಟ್ಟಿಸಿಕೊಳ್ಳಬೇಕು.

ಹಬ್ಬ ಹಡಗಿನದು. ಅದು ನೀರಿಗಿಳಿದು ಇಪ್ಪತ್ತೈದು ವರ್ಷವಾಗಿತ್ತು. ಹುಟ್ಟಿದಾಗ ಅದರ ಹೆಸರು ನಾರ್ದರ್ನ್ ಗ್ರೇಸ್, ಕೈ ಬದಲಾದ ಮೇಲೆ ಆರ್ಕಿಡ್ ಲೇಡಿ, ಈಗ ಜೇಡ್ ಹಾರ್ಮನಿ. ಹಳೆಯ ಹೆಸರುಗಳ ಬೆಸುಗೆ ಬಣ್ಣದಡಿ ಇನ್ನೂ ಉಬ್ಬಿಕೊಂಡಿದೆ, ಓರೆ ಬಿಸಿಲಿಗೆ ಓದಲೂ ಬರುತ್ತದೆ. ಧಣಿಗಳು ಬದಲಾದರು, ಹೊಟ್ಟೆಯೊಳಗಿನ ಲಾಂಡ್ರಿಯಲ್ಲಿ ಪುಲೋ ಅಣ್ಣ ಬದಲಾಗಲಿಲ್ಲ. ನೀರಿನ ಮಟ್ಟಕ್ಕಿಂತ ಕೆಳಗೆ, ಕಿಟಕಿ ಇಲ್ಲದ ಬಿಸಿಯಲ್ಲಿ, ಮೇಲಿನವರ ಹಾಸಿಗೆ ಚಾದರ, ಈಜುಕೊಳದ ಟವೆಲು, ಕ್ಯಾಪ್ಟನ್ನನ ಬಿಳಿ ಕೋಟು ಎಲ್ಲ ಅವನ ಇಸ್ತ್ರಿಯ ಕೆಳಗೇ ಹಾಯುತ್ತಿದ್ದವು. “ಈ ಹಡಗು ಮೂರು ಸಲ ಮದ್ವೆ ಆಯ್ತು ಕಣವ್ವ. ನಾನು ಒಂದೇ ಸಲ ಆಗಿ ಹೆಂಡ್ತಿ ಮೊಕ ನೆಟ್ಟಗೆ ನೋಡ್ನಿಲ್ಲ,” ಎಂದು ನಗಿಸುತ್ತಿದ್ದ. ಅದೋರಿಂಗ್ ಸತ್ತ ಸುದ್ದಿ ಬಂದ ಮೇಲೆ ಆ ಮಾತು ಆಡಲಿಲ್ಲ.

ಸಂಜೆ ಅವನನ್ನು ವೇದಿಕೆ ಹತ್ತಿಸಿದರು. ಬಿಸಿ ಇಸ್ತ್ರಿಗೂ ತಣ್ಣೀರಿಗೂ ನಡುವೆ ಸವೆದ ಅವನ ಕೈ ಸದಾ ನಡುಗುತ್ತದೆ. ನಡುಕ ಕಾಣಬಾರದೆಂದು ಬಿಳಿ ಕೈಗವಸು ತೊಡಿಸಿದ್ದರು. ಕುಣಿತಕ್ಕೆ ಬೀಸಲೆಂದು ತಂದ ಊಟದ ಮೇಜಿನ ಕರವಸ್ತ್ರಗಳ ಗಂಟು ಹಿಡಿದು ನಾನು ಪರದೆಯ ಹಿಂದೆ ನಿಂತಿದ್ದೆ.

ಮ್ಯಾನೇಜರ್ ಮೈಕು ಹಿಡಿದ. “ಇದು ಹಡಗಲ್ಲ, ಇದು ಮನೆ! ನಾವೆಲ್ಲ ಒಂದೇ ಕುಟುಂಬ. ನಮ್ಮ ಮನೆಯ ಹಿರಿಯಣ್ಣನನ್ನು ನೋಡಿ!”

ಚಪ್ಪಾಳೆ ಬಿತ್ತು. ವಾದ್ಯ ಶುರುವಾಯಿತು. “ಕುಣಿ,” ಎಂದು ಮ್ಯಾನೇಜರ್ ತುಟಿ ಅಲ್ಲಾಡಿಸದೆ ಹೇಳಿದ್ದು ನನಗೆ ಕೇಳಿಸಿತು. ಪುಲೋ ಅಣ್ಣ ಕರವಸ್ತ್ರ ತಲೆಯ ಮೇಲೆ ಬೀಸುತ್ತಾ ಕುಣಿದ. ಕುಡಿದವನೊಬ್ಬ ಬಣ್ಣದ ಕಾಗದದ ಟೋಪಿ ತಂದು ಅವನ ತಲೆಗೆ ಸಿಕ್ಕಿಸಿದ. “ಪಾಪ, ಎಷ್ಟು ಖುಷಿಯಾಗಿದ್ದಾನೆ ನೋಡಿ,” ಎಂದಳು ಮುಂದಿನ ಮೇಜಿನ ಹೆಂಗಸು.

ಬೆಳಿಗ್ಗೆ ಕೀಲುಂಗ್‌ನಲ್ಲಿ ಹಡಗನ್ನು ದಡಕ್ಕೆ ಕಟ್ಟಿದರು. ಪುಲೋ ಅಣ್ಣ ಇಸ್ತ್ರಿ ಹಾಕಿದ ಕಪ್ಪು ಅಂಗಿ ತೊಟ್ಟು ಚೀಲ ಹಿಡಿದು ಇಳಿಯುವ ಬಾಗಿಲಿಗೆ ಬಂದ. ಕಳಿಸಿಕೊಡಲು ನಾನೂ ಹೋಗಿದ್ದೆ.

“ನಿನ್ನ ಬದಲಿ ಆಳು ಬಂದಿಲ್ಲ,” ಅಂದ ಮ್ಯಾನೇಜರ್. “ಮುಂದಿನ ಸುತ್ತಿಗೆ ನೋಡೋಣ.”

“ಸಾರ್, ನಿನ್ನೆ ತಾವೇ...”

“ಸತ್ತವರು ಎಲ್ಲೂ ಓಡಿಹೋಗಲ್ಲ, ಪುಲೋ.”

“ನಮ್ಮೂರಾಗೆ ಸೆಕೆ ಜಾಸ್ತಿ ಸಾರ್,” ಅಂದ ಪುಲೋ ಅಣ್ಣ. “ಕೆಟ್ಟೋಯ್ತಳೆ.”

ಮ್ಯಾನೇಜರ್, ನಮ್ಮ ಹಿಂದೆ ನಿಂತಿದ್ದ ಪ್ರಯಾಣಿಕರಿಗೆ ದಾರಿ ಬಿಡುವಂತೆ ಅವನ ಎದೆಗೆ ಕೈ ಇಟ್ಟು ಸರಿಸಿದ. ನಾವು ಹತ್ತಿ ಬಂದಿದ್ದ ಮೆಟ್ಟಿಲನ್ನೇ ಇಳಿದು ಕೆಳಗೆ ಬಂದೆವು.

ಬಂದರಿನ ಫೋನ್ ಸಿಗ್ನಲ್ಲು ಲಾಂಡ್ರಿಯ ಮೆಟ್ಟಿಲ ಬುಡದವರೆಗೆ ಮಾತ್ರ ಬರುತ್ತದೆ. ಅಲ್ಲೇ ನಿಂತು ಅವನು ತನಗೆ ಬರಲಾಗುತ್ತಿಲ್ಲವೆಂದು ಮಗಳಿಗೆ ಹೇಳಿದ. “ಇನ್ನು ಇಟ್ಕೊಳಾಕಾಗಲ್ಲ ಅಪ್ಪಾ. ಪಾದ್ರಿಗಳು ಮಧ್ಯಾನಕ್ಕೇ ಎತ್ತಿ ಅಂದವ್ರೆ. ಫೋನಲ್ಲೇ ನೋಡ್ಬುಡು,” ಅಂದಳು.

ಒಗೆಯುವ ಯಂತ್ರದ ಹತ್ತಿರ ದೋದಿ, ನಮ್ಮ ಕಡೆಯವನೇ, ರಾತ್ರಿಯ ಎಂಜಲು ಕರವಸ್ತ್ರಗಳನ್ನು ತುಂಬುತ್ತಾ ಬಯ್ಯುತ್ತಿದ್ದ. “ಸೂಳೆಮಕ್ಳು, ಉಣ್ಣೋದು ಬಾಯಲ್ಲೋ ಬಟ್ಟೇಲೋ!”

“ಬ್ಯಾಡ ಕಣ್ಲಾ ದೋದಿ,” ಅಂದ ಪುಲೋ ಅಣ್ಣ. “ಮನೇಲಿ ಹೆಣ ಇರುವಾಗ ಒಗೀಬಾರ್ದು.”

ನಮಗೆಲ್ಲ ಗೊತ್ತಿದ್ದ ಮಾತೇ. ಹೆಣ ಹೊಸಿಲು ದಾಟುವ ತನಕ ಗುಡಿಸಬಾರದು, ಮೀಯಬಾರದು, ಬಟ್ಟೆ ಒಗೆಯಬಾರದು. ಮೀರಿದರೆ ಇನ್ನೊಂದು ಸಾವು ಹಿಂದೆಯೇ ಬರುತ್ತದೆ ಅನ್ನುತ್ತಾರೆ.

“ಪುಲಣ್ಣ, ಅದು ಊರ್ ಮನೆಗೆ. ಇದು ಹಡಗಲ್ವಾ?” ಅಂದ ದೋದಿ.

“ಇದೂ ಮನೆಯಂತೆ. ನಿನ್ನೆ ಮ್ಯಾನೇಜರು ಎಲ್ಲಾರ ಮುಂದೆ ಹೇಳವ್ನಲ್ಲ.”

ಅವನ ಮಾತಿನಲ್ಲಿ ಕೊಂಕು ಇರಲಿಲ್ಲ. ಹೇಳಿದವನ ಮಾತನ್ನು ಹೇಳಿದ ಹಾಗೆಯೇ ನಂಬಿದ್ದ. ದೋದಿ ನನ್ನ ಮುಖ ನೋಡಿದ. ಆಮೇಲೆ ಹೋಗಿ ಸ್ವಿಚ್ಚು ಆರಿಸಿದ. ಒಂದೊಂದೇ ಯಂತ್ರ ನಿಂತಿತು. ಹಡಗಿನ ಪಕ್ಕೆಗೆ ನೀರು ಬಡಿಯುವ ಸದ್ದು ಅಲ್ಲಿಗೆ ಕೇಳಿಸುತ್ತದೆಂದು ನನಗೆ ಅವತ್ತೇ ತಿಳಿದದ್ದು.

ಮೆಟ್ಟಿಲ ಬುಡಕ್ಕೆ ಇಸ್ತ್ರಿ ಮೇಜು ಎಳೆದು ಸಾವಿನ ಮನೆ ಮಾಡಿದೆವು. ಬಿಸ್ಕತ್ತು ಇಟ್ಟೆವು, ಕಾಫಿ ಕಾಸಿದೆವು. ನಮ್ಮೂರಲ್ಲಿ ಹೆಣ ಕಾಯುವವರು ಮಾಡುವ ಹಾಗೆ, ನಿದ್ದೆ ಬಾರದಂತೆ ಇಸ್ಪೀಟು ಎಲೆ ಹಂಚಿದೆವು. ಫೋನನ್ನು ಒಂದು ಮಡಿಸಿದ ಟವೆಲಿಗೆ ಒರಗಿಸಿಟ್ಟೆವು. ಅದರೊಳಗೆ ಅದೋರಿಂಗಳ ಪೆಟ್ಟಿಗೆ, ಪಕ್ಕದಲ್ಲಿ ಮೇಣದ ಬತ್ತಿ.

ಮಧ್ಯಾಹ್ನದ ಊಟಕ್ಕೆ ಮೇಲೆ ಕರವಸ್ತ್ರ ಸಾಲಲಿಲ್ಲ. ಮ್ಯಾನೇಜರ್ ಧಡಧಡನೆ ಇಳಿದು ಬಂದ.

“ಏನಿದು? ಇಸ್ಪೀಟು ಆಡ್ತಾ ಕೂತಿದ್ದೀರಾ, ನಾಯಿಗಳಾ?”

“ಮನೇಲಿ ಹೆಣ ಐತೆ ಸಾರ್,” ಅಂದ ದೋದಿ.

“ಎಲ್ಲರನ್ನೂ ಮುಂದಿನ ಬಂದರಲ್ಲಿ ಇಳಿಸಿ ಮನೆಗೆ ಅಟ್ತೀನಿ!”

“ಬೆಳಿಗ್ಗೆ ಅಣ್ಣ ಅದನ್ನೇ ತಾನೇ ಕೇಳಿದ್ದು?”

ಮ್ಯಾನೇಜರ್ ದೋದಿಯ ಕೆನ್ನೆಗೆ ಹೊಡೆದ. ಯಾರೂ ಏಳಲಿಲ್ಲ. ಅಷ್ಟರಲ್ಲಿ ಕಾಲಡಿಯ ನೆಲ ನಡುಗಿತು. ಹಡಗು ಬಂದರು ಬಿಟ್ಟಿತ್ತು. ಫೋನಿನಲ್ಲಿ ಜನ ಪೆಟ್ಟಿಗೆಯನ್ನು ಹೆಗಲಿಗೆತ್ತಿದರು. ಕ್ಲೆಯೋಫೆ ಚೀರಿದ್ದು ಅರ್ಧ ಕೇಳಿಸಿತು, ಪಾದ್ರಿಯ ಹಾಡು ಹರಿದು ಹರಿದು ಬಂತು. ಪೆಟ್ಟಿಗೆ ಬಾಗಿಲಿಗೆ ಬಂತು. ಅಲ್ಲಿಗೆ ಸಿಗ್ನಲ್ಲು ಹೋಗಿ ಚಿತ್ರ ನಿಂತುಹೋಯಿತು.

“ಎತ್ತಿದರಲ್ಲ? ಮುಗೀತಲ್ಲ ನಿಮ್ಮ ಗೋಳು?” ಅಂದ ಮ್ಯಾನೇಜರ್. “ಹಾಕಿ ಸ್ವಿಚ್ಚು.”

ಪುಲೋ ಅಣ್ಣ ಫೋನನ್ನು ಎರಡೂ ಕೈಯಲ್ಲಿ ಎತ್ತಿ ಮ್ಯಾನೇಜರನ ಮುಖದ ಹತ್ತಿರ ಹಿಡಿದ. ಕೈ ನಡುಗುತ್ತಿತ್ತು. ಅವನು ಮುಚ್ಚಿಡಲಿಲ್ಲ.

“ಇನ್ನೂ ಹೊಸ್ಲು ದಾಟಿಲ್ಲ ಸಾರ್. ನೋಡಿ, ಇಲ್ಲೇ ಅವ್ಳೆ.”

ಮ್ಯಾನೇಜರ್ ತಾನೇ ಸ್ವಿಚ್ಚಿನ ಕಡೆ ತಿರುಗಿದ. ದೋದಿ ಎದ್ದು ಅದರ ಮುಂದೆ ನಿಂತ. ನಾನೂ ಕೈಯಲ್ಲಿದ್ದ ಎಲೆಗಳನ್ನು ಮೇಜಿನ ಮೇಲಿಟ್ಟು ಅವನ ಪಕ್ಕಕ್ಕೆ ಹೋಗಿ ನಿಂತೆ.