ಎರಡನೇ ಸಲ ಬರೆದ ಉತ್ತರ

ರೇಷ್ಮೆಗೂಡು ಮಾರಿ ಬಂದ ಖಾಲಿ ಚೀಲಕ್ಕೂ ಇಷ್ಟು ವಾಸನೆಯೇ, ಮುಂದಿನ ಸೀಟಿನ ಅಜ್ಜ ಅದನ್ನೇ ಮಡಚಿ ತಲೆಗಿಟ್ಟುಕೊಂಡು ನಿದ್ದೆ ಹೊಡೆಯುತ್ತಿದ್ದಾನೆ, ಪುಣ್ಯವಂತ, ಅವನ ಮಾಲಿಗೆ ಇವತ್ತೇ ತೂಕ, ಇವತ್ತೇ ತೀರ್ಮಾನ — ಧನುಶ್ರೀ ಕಿಟಕಿಯ ಕಡೆ ಮುಖ ತಿರುಗಿಸಿದಳು, ಬಸ್ಸು ರಾಮನಗರ ದಾಟಿ ಚನ್ನಪಟ್ಟಣದ ದಾರಿ ಹಿಡಿದಿದೆ, ಅವಳ ಮಾಲು ಮಾತ್ರ ಯೂನಿವರ್ಸಿಟಿಯ ಯಾವ ಮೂಲೆಯಲ್ಲಿ ಕೊಳೆಯುತ್ತಿದೆಯೋ, ಬಿ.ಎಸ್ಸಿ. ಕೊನೆಯ ಸೆಮಿಸ್ಟರಿನ ಕೆಮಿಸ್ಟ್ರಿ ಪೇಪರು, ಫೇಲು ಅಂದರು, ಮರುಮೌಲ್ಯಮಾಪನಕ್ಕೆ ಹಾಕಿದಳು, ಹಾಕಿದ್ದು ಬೇಸಿಗೆಯಲ್ಲಿ, ಈಗ ಗಣಪತಿ ಹಬ್ಬವೂ ಕಳೆಯಿತು, ಫೋನು ಮಾಡಿದರೆ ಪ್ರೊಸೆಸ್‌ನಲ್ಲಿದೆ ಮೇಡಂ, ಥೂ, ಆ ದನಿಯಲ್ಲಿ ಒಂದಿಷ್ಟು ನಾಚಿಕೆಯಾದರೂ ಇರಬಾರದೇ, ಎಂ.ಎಸ್ಸಿ. ಸೀಟು ಕೊಡುತ್ತೇವೆಂದ ಕಾಲೇಜು ಮೊದಲ ಸಲವೇ ಪಾಸಾದವರಿಗೆ ಮಾತ್ರ ಅನ್ನುತ್ತದೆ, ಮರುಮೌಲ್ಯಮಾಪನದ ಫಲಿತಾಂಶ ತಾರಮ್ಮ ಅಂತ ಇಷ್ಟು ದಿನ ಕಾದಿದ್ದೇ ದೊಡ್ಡದು, ಸೋಮವಾರ ಅದೂ ಬಾಗಿಲು ಹಾಕುತ್ತದೆ.

ವಕೀಲೆ ಲತಾಮಣಿಯವರದ್ದೇನೂ ತಪ್ಪಿಲ್ಲ, ಪಾಪ, ಎಲ್ಲ ದಾರಿಯನ್ನೂ ತೋರಿಸಿದ್ದರು, ಮೊದಲು ರಿಜಿಸ್ಟ್ರಾರರಿಗೆ ದೂರು, ಆಮೇಲೆ ಮಾಹಿತಿ ಹಕ್ಕಿನಲ್ಲಿ ಉತ್ತರಪತ್ರಿಕೆಯ ನಕಲು, ಅದಕ್ಕೂ ಬಗ್ಗದಿದ್ದರೆ ನೋಟಿಸು, ಕೊನೆಗೆ ಹೈಕೋರ್ಟಿನಲ್ಲಿ ರಿಟ್, ಗ್ರಾಹಕರ ಕೋರ್ಟು ಬೇಡ ಕಣಮ್ಮ, ಪರೀಕ್ಷೆ ಅಂದ್ರೆ ಅಂಗಡಿ ವ್ಯಾಪಾರ ಅಲ್ಲ ಅಂತಾರೆ ಅಲ್ಲಿ. ನಕಲು ಬಂದ ದಿನ ಎಷ್ಟು ಖುಷಿ ಅವರಿಗೆ, ಆರನೇ ಪ್ರಶ್ನೆಯ ಉತ್ತರಕ್ಕೆ ಅಂಕವನ್ನೇ ಹಾಕಿಲ್ಲ, ಇದೊಂದೇ ಸಾಕು, ಗೆದ್ದಂಗೇ ಅಂದಿದ್ದರು, ಅದೇ ಬಾಯಲ್ಲಿ ಇವತ್ತು ನೋಟಿಸಿಗೆ ಯೂನಿವರ್ಸಿಟಿಯಿಂದ ಬಂದ ಉತ್ತರ ಓದಿ ಹೇಳಿದರು — ವಿದ್ಯಾರ್ಥಿನಿಯು ಪೂರಕ ಪರೀಕ್ಷೆ ಬರೆದಿರುವುದರಿಂದ ಆಕೆಯ ಮರುಮೌಲ್ಯಮಾಪನದ ಅರ್ಜಿಯನ್ನು ಕೈಬಿಡಲಾಗಿದೆ. ಕನ್ನಡಕ ತೆಗೆದಿಟ್ಟರು. ನನ್ನ ಒಂದು ಮಾತು ಕೇಳ್ಬಾರ್ದಿತ್ತೇನಮ್ಮ. ಅದೂ ಒಂದು ಇರಲಿ ಅಂತ ಬರೆದೆ ಮೇಡಂ, ಅಂದಳು ಇವಳು. ಇರಲಿ ಅಂತ. ಅವರು ಗೋಣು ಹಾಕಿದರು, ಇವರ ಈ ಉತ್ತರ ಕೋರ್ಟಲ್ಲಿ ನಿಲ್ಲೋ ಮಾತಲ್ಲ, ರಿಟ್ ಹಾಕೋಣ, ಆದ್ರೆ ಸೋಮವಾರದೊಳಗೆ ಆಗೋ ಕೆಲಸ ಅಲ್ಲ, ನ್ಯಾಯ ಸಿಗುತ್ತಮ್ಮ, ಸೀಟು ಸಿಗಲ್ಲ.

ಇರಲಿ ಅಂತ, ಹೊಂಗನೂರಿನಲ್ಲಿ ಹುಳ ಮೇಯಿಸುವ ಮನೆಯಲ್ಲಿ ಹುಟ್ಟಿದವಳಿಗೆ ಬೇರೇನು ಗೊತ್ತು, ಮರಿಹುಳು ತರುವಾಗ ಅರ್ಧ ಈ ಕೇಂದ್ರದಿಂದ, ಅರ್ಧ ಆ ಕೇಂದ್ರದಿಂದ, ಒಂದಕ್ಕೆ ರೋಗ ತಗುಲಿದರೆ ಇನ್ನೊಂದಾದರೂ ಗೂಡು ಕಟ್ಟಲಿ ಅಂತ, ಅವ್ವ ಗಂಗಲಕ್ಷ್ಮಮ್ಮ ಪೂರಕ ಪರೀಕ್ಷೆಗೂ ಅದನ್ನೇ ಹೇಳಿದಳು, ಸೊಪ್ಪು ಹೆಚ್ಚುತ್ತ, ತಲೆಯೆತ್ತದೆ, ಅದು ಬಂದ್ರೆ ಬರ್ಲಿ, ಇದ್ನೂ ಬರ್ದ್ಬುಡು ಮಗ, ಒಂದ್ನೇ ನಂಬ್ಕಂಡು ಕುಂತ್ಕಂಡ್ರೆ ಆಯ್ತದಾ. ಎಷ್ಟು ಸರಿಯಾದ ಮಾತು. ಹುಳಕ್ಕೆ ಸರಿ, ಹೊಲಕ್ಕೆ ಸರಿ, ಯೂನಿವರ್ಸಿಟಿಯಲ್ಲಿ ಮಾತ್ರ ಎರಡನೆಯದನ್ನು ಮುಟ್ಟಿದರೆ ಮೊದಲನೆಯದನ್ನು ತಿಪ್ಪೆಗೆ ಎಸೆಯುತ್ತಾರೆ, ಅವ್ವನಿಗೆ ಇದನ್ನು ಹೇಗೆ ಹೇಳುವುದು, ನಿನ್ನ ಬುದ್ಧಿಯೇ ನನ್ನನ್ನು ಮುಳುಗಿಸಿತು ಅನ್ನುವುದೇ, ಸಿಟ್ಟು ಬರುತ್ತಿದೆ, ಅವ್ವನ ಮೇಲೂ ಬರುತ್ತಿದೆ, ಬಂದದ್ದಕ್ಕೆ ಅಳುವೂ ಬರುತ್ತಿದೆ — ಫೋನು ಅದುರುತ್ತಿದೆ, ಅವ್ವನದೇ, ಎತ್ತಲಿಲ್ಲ. ಪೂರಕ ಪರೀಕ್ಷೆಯ ಫಲಿತಾಂಶ ಮಾತ್ರ ಎಷ್ಟು ಬೇಗ ಬಂತು, ಪಾಸು, ಕಾಲೇಜಿಗೆ ಲೆಕ್ಕಕ್ಕಿಲ್ಲದ ಎರಡನೇ ಸಲದ ಪಾಸು, ಒಳ್ಳೆಯ ಅಂಕ, ಬರದೆ ಏನು, ಆ ಹಾಲ್‌ನಲ್ಲಿ ಪ್ರಶ್ನೆಪತ್ರಿಕೆ ತಿರುಗಿಸಿದರೆ ಅದೇ ಪ್ರಶ್ನೆ, ಮೊದಲ ಸಲ ಮೌಲ್ಯಮಾಪಕರು ಕಣ್ಣೆತ್ತಿಯೂ ನೋಡದ ಅದೇ ಆರನೇ ಪ್ರಶ್ನೆ, ಅವಳಿಗೆ ನಗು ಬಂದಿತ್ತು, ದೇವರು ಕಣ್ಣು ಬಿಟ್ಟ ಅಂದುಕೊಂಡಿದ್ದಳು, ಅದೇ ಉತ್ತರ, ಅವೇ ಸಾಲುಗಳು, ಅದೇ ಚಿತ್ರ, ಒಂದಕ್ಷರ ಆಚೀಚೆಯಿಲ್ಲ, ಈಗ ಕಣ್ಣ ಮುಂದೆ ಆ ಹಾಲ್‌ನ ಅವಳೇ, ತನ್ನ ಕೈಯಾರೆ ತನ್ನ ಅರ್ಜಿಯನ್ನು ಹೊಡೆದುಹಾಕುತ್ತ, ಬೆಂಚಿನ ಮೇಲೆ ಬಾಗಿ, ಬೆರಳಿಗೆ ಮಸಿ ಮೆತ್ತಿಕೊಂಡು, ಬೇಗ ಬೇಗ, ನಗುತ್ತ ಬರೆಯುತ್ತಿದ್ದಾಳೆ, ಬಸ್ಸು ನಿಂತಿತು, ಯಾರೋ ಇಳಿದರು, ಅವಳು ಬರೆಯುತ್ತಿದ್ದಾಳೆ, ನಗುತ್ತ, ನಗುತ್ತ ಬರೆಯುತ್ತಿದ್ದಾಳೆ.