ನಡುವಿನವನು

ಮುಲಾಮಿನ ವಾಸನೆ ಕರಿ ಕೋಟಿನೊಳಗಿಂದ ಮೇಲೇಳುತ್ತಿದೆ, ಪಕ್ಕದವರಿಗೂ ಬಡಿಯುತ್ತಿರಬೇಕು, ಬೆಳಿಗ್ಗೆ ಐರೀನ್ ಬಲ ಭುಜಕ್ಕೆ ತಿಕ್ಕುತ್ತ ತಿಕ್ಕುತ್ತಲೇ ಬೈದಿದ್ದಳು, ಕೆಟಲ್ ಕೂಡ ಎತ್ಬೇಡ ಅಂದಿದಾರೆ ಡಾಕ್ಟ್ರು, ನೀನು ಶವಪೆಟ್ಟಿಗೆ ಹೊರೋಕೆ ಹೊರಟಿದೀಯ, ಬೀಳಿಸಿದ್ರೆ ಊರೆಲ್ಲ ನೋಡುತ್ತೆ — ನಾರ್ಮನ್ ಗೋಡೆ ನೋಡುತ್ತ ಕೂತಿದ್ದ, ಹೆಂಡತಿಯ ಮಾತು ಸರಿಯಿದ್ದಾಗ ಗೋಡೆ ನೋಡುವುದು ಅವನ ವಾಡಿಕೆ. ಆಟಕ್ಕೆ ಮುನ್ನ ಹಚ್ಚಿಕೊಳ್ಳುತ್ತಿದ್ದ ಈ ಮುಲಾಮಿನ ವಾಸನೆ ಮೂಗಿಗೆ ಬಡಿದರೆ ಸಾಕು, ಚರ್ಚು ಮಾಯ, ಎದುರಿಗೆ ಯಾರ್ಕ್‌ಷೈರಿನ ಆ ಹಳೇ ಮೈದಾನ, ಗಣಿಯ ಪಾಳಿ ಮುಗಿಸಿ ಉಗುರಲ್ಲಿ ಕಲ್ಲಿದ್ದಲ ಮಸಿ ಇಟ್ಟುಕೊಂಡೇ ರಗ್ಬಿ ಲೀಗ್ ಆಡಲು ಓಡುತ್ತಿದ್ದ ಶನಿವಾರಗಳು, ಪಬ್ಬಿನ ಹಿಂಕೋಣೆಯಲ್ಲಿ ಕ್ಲಬ್ಬಿನ ಆಟಗಾರನಾಗಿ ಸಹಿ ಹಾಕಿದ ಸಂಜೆ, ಅಪ್ಪ ಟೋಪಿ ತೆಗೆದು ಮತ್ತೆ ಹಾಕಿಕೊಂಡ, ಅಷ್ಟೇ ಅವನ ಹೊಗಳಿಕೆ, ಅಷ್ಟು ಸಂತೋಷ ಆಮೇಲೆ ಯಾವ ಕಪ್ಪು ಗೆದ್ದಾಗಲೂ ಆಗಲಿಲ್ಲ.

ಪಾದ್ರಿ ಹೇಳುತ್ತಿದ್ದಾರೆ, ತೀರಿಕೊಂಡ ನಮ್ಮ ವಾಲ್ಟರ್ ಶಾಂತ ಸ್ವಭಾವದವರು — ವಾಲ್ಟನಾ, ಹಲ್ ಊರಿನ ಕೆಸರಲ್ಲಿ ಎದುರಾಳಿಯ ಕಿವಿ ಕಚ್ಚಿ, ಅವ್ನೇ ನನ್ ಬಾಯಿಗೆ ಕಿವಿ ತಂದಿಟ್ಟ ಸಾರ್ ಎಂದು ರೆಫರಿಗೆ ದೂರು ಕೊಟ್ಟವನು, ನಗು ಬರುತ್ತಿದೆ, ನಗಬಾರದು, ಸಾಲಿನ ಆ ತುದಿಯಲ್ಲಿ ಡೆನಿಸ್‌ನ ಹೆಗಲೂ ಕುಲುಕುತ್ತಿದೆ. ಎರಡೂ ತಂಡದವರು ತಲೆ ತಗ್ಗಿಸಿ, ಹೆಗಲು ಕೊಟ್ಟು ಒಬ್ಬರನ್ನೊಬ್ಬರು ತಳ್ಳುವ ಸ್ಕ್ರಮ್ ಕಟ್ಟುವಾಗ ಮುಂದಿನ ಸಾಲಲ್ಲಿ ಎಡಕ್ಕೆ ನಾರ್ಮನ್, ಬಲಕ್ಕೆ ಡೆನಿಸ್, ನಡುವೆ ವಾಲ್ಟ್, ಇಬ್ಬರ ಹೆಗಲಿಗೂ ಒಂದೊಂದು ತೋಳು ಹಾಕಿ ಜೋತುಬಿದ್ದು ಕಾಲಲ್ಲಿ ಚೆಂಡನ್ನು ಹಿಂದಕ್ಕೆಳೆಯುವವನು, ಇವರು ಕುಸಿದರೆ ಅವನ ಕುತ್ತಿಗೆ ಹೋದಂತೆ, ಅದಕ್ಕೇ ಪ್ರತಿ ಸಲ ಅದೇ ಮಾತು, ಬೀಳಿಸ್ಬೇಡ್ರೋ ದಾಂಡಿಗ್ರಾ — ಅವರೆಂದೂ ಬೀಳಿಸಲಿಲ್ಲ, ಭುಜ ಕಳಚಿದ ಕೊನೆಯ ಪಂದ್ಯದಲ್ಲೂ, ಚೆಂಡು ಹಿಂದೆ ಹೋಗುವವರೆಗೆ ನಾರ್ಮನ್ ಹಲ್ಲು ಕಚ್ಚಿ ನಿಂತಿದ್ದ, ಆಮೇಲೆ ಮಂಡಿಯೂರಿದ, ಅಲ್ಲಿಗೆ ಆಟ ಮುಗಿಯಿತು, ಆ ನೋವೂ ಈಗ ಬೇಕೆನ್ನಿಸುತ್ತಿದೆ. ಹೋದ ವಾರ ಆಸ್ಪತ್ರೆಯಲ್ಲಿ ವಾಲ್ಟ್ ಕಣ್ಣು ಮುಚ್ಚಿಕೊಂಡೇ ಹೇಳಿದ್ದ, ನನ್ನ ನೀವೇ ಹೊರ್ಬೇಕು ನಾರ್ಮ್, ಬೇರೆಯವ್ರ ಕೈಗೆ ಕೊಡ್ಬೇಡ್ರೋ. ಆಯ್ತೋ ಮಾರಾಯ ಎಂದಿದ್ದ ಇವನು, ಭುಜದ ಸಂಗತಿ ಬಾಯಿಬಿಡದೆ.

ಎಲ್ಲರೂ ಏಳುತ್ತಿದ್ದಾರೆ, ಹೊತ್ತಾಯಿತು, ಮುಂದೆ ನಾರ್ಮನ್ ಮತ್ತು ಡೆನಿಸ್, ಹಿಂದೆ ಆಲ್ಫ್ ಮತ್ತು ಸಿರಿಲ್, ಅಂದೂ ಇವರ ಬೆನ್ನಿಗೆ ನಿಂತು ತಳ್ಳುತ್ತಿದ್ದವರೇ, ನಾಲ್ವರೂ ಎಪ್ಪತ್ತು ದಾಟಿದವರು, ಶವಸಂಸ್ಕಾರದ ಮೇಲ್ವಿಚಾರಕ ಮೆತ್ತಗೆ ಹೇಳಿದ, ಬಗ್ಗಿ, ಒಟ್ಟಿಗೆ — ಅವನಿಗೇನು ಗೊತ್ತು ಪಾಪ, ನಾಲ್ಕೂ ತಲೆ ಒಟ್ಟಿಗೆ ಕೆಳಗೆ ಹೋದವು, ಪೆಟ್ಟಿಗೆ ಹೆಗಲಿಗೇರಿತು, ಏರಿದ್ದೇ ಹಿಂದಿನಿಬ್ಬರೂ ಶಕ್ತಿಯೆಲ್ಲ ಹಾಕಿ ತಳ್ಳಿಬಿಟ್ಟರು, ತಳ್ಬೇಡ್ರೋ ಹೆಡ್ಡರಾ, ಇದು ಸ್ಕ್ರಮ್ ಅಲ್ಲ ಎಂದು ಡೆನಿಸ್ ಹಲ್ಲುಕಚ್ಚಿ ಗದರಿದ, ಪೆಟ್ಟಿಗೆ ಓಲಾಡಿತು, ವಾಲ್ಟನ ಮಗಳು ಬಾಯಿಗೆ ಕೈ ಅಡ್ಡ ಹಿಡಿದಳು, ಭುಜದೊಳಗೆ ಏನೋ ಲಟಕ್ಕೆಂದಿತು, ನಾರ್ಮನ್ ಕಾಲು ಅಗಲಿಸಿ ಊರಿದ, ಭಾರ ಬರಲಿ ಎಂದು ಕಾದ, ಬರುತ್ತದೆ, ಆ ಗೂಳಿಯಂಥವನ ಭಾರ ಈಗ ಬರುತ್ತದೆ — ಬರಲಿಲ್ಲ, ಕಾಯಿಲೆ ಅಷ್ಟನ್ನೂ ತಿಂದುಹಾಕಿತ್ತು, ಎಷ್ಟು ಹಗುರ ಮಾಡಿಬಿಟ್ಟಿತೋ ನಿನ್ನ, ಇದಕ್ಕಾ ನಾನು ರಾತ್ರಿಯೆಲ್ಲ ಹೆದರಿದ್ದು. ಅಷ್ಟರಲ್ಲಿ ಪೆಟ್ಟಿಗೆಯ ಕೆಳಗಿಂದ ಒಂದು ಕೈ ಬಂದು ಅವನ ಭುಜದ ಹಿಂದೆ ಕೋಟನ್ನು ಮುಷ್ಟಿಯಲ್ಲಿ ಬಿಗಿಹಿಡಿಯಿತು, ವಾಲ್ಟ್ ಹಿಡಿಯುತ್ತಿದ್ದ ಜಾಗದಲ್ಲೇ, ವಾಲ್ಟನ ಕೈಯಲ್ಲ, ಡೆನಿಸ್‌ನದು, ಎಷ್ಟೋ ಚಳಿಗಾಲ ಒಂದೇ ಸಾಲಲ್ಲಿ ನಿಂತಿದ್ದರೂ ಆ ಕೈ ಇಲ್ಲಿಗೆ ಒಮ್ಮೆಯೂ ಎಟುಕಿರಲಿಲ್ಲ, ನಡುವೆ ಅವನಿದ್ದ, ಯಾವಾಗಲೂ ಅವನಿದ್ದ, ಈಗ ಎಟುಕಿದೆ, ಡೆನಿಸ್‌ನ ಕೈ, ನಡುವೆ ಯಾರೂ ಇಲ್ಲದೆ, ಆ ಕೈ ಬಿಡುತ್ತಿಲ್ಲ.